ಪಾರ್ಶ್ವವಾಯು ಮತ್ತು ನಮ್ಮ ನಡಿಗೆ

(ಶತಮಾನೋತ್ಸವದ ಅಂಗವಾಗಿ ಏರ್ಪಡಿಸಿದ ಆರೋಗ್ಯ ದಿನದಂದು, ಸಂಜೆಯ ಪೂಜೆಯ ನಂತರ ಧರ್ಮಕೇಂದ್ರದ ಗುರುಗಳು ಮಾಡಿದ ಭಾಷಣದ ಲಿಖಿತ ರೂಪ)



ಈ ದಿನದ ಭಾಷಣವನ್ನು ವೈದ್ಯರೊಬ್ಬರಿಂದ ಮಾಡಿಸಬೇಕೆಂಬುದು ಶತಮಾನೋತ್ಸವ ಸಮಿತಿಯವರ ಇಚ್ಛೆಯಾಗಿತ್ತು. ವೈದ್ಯರು ಬಂದರು, ಬೆಳಗಿನಿಂದ ನಿಮ್ಮೆಲ್ಲರ ರಕ್ತದೊತ್ತಡವನ್ನು ತಾಳ್ಮೆಯಿಂದ ನೋಡಿದರು. ಆದರೆ ಮಾತನಾಡುವ ಭಾರವನ್ನು ಮಾತ್ರ ನಮ್ಮ ಹೆಗಲಿಗೆ ಹೊರಿಸಿ ಹೊರಟುಹೋದರು. "ಫಾದರ್, ಈ ವಿಷಯ ನಾನು ಓದಿ ತಿಳಿದದ್ದು, ನೀವು ಅನುಭವಿಸಿ ತಿಳಿದದ್ದು" ಎಂಬುದು ಅವರ ವಾದ. ಆ ಮಾತಿನ ಅರ್ಥ ಸ್ವಲ್ಪ ಹೊತ್ತಿನಲ್ಲಿ ನಿಮಗೇ ತಿಳಿಯುವುದು. ದೇವಾಲಯದ ನೂರು ವರ್ಷದ ಸಂಭ್ರಮದಲ್ಲಿ ರೋಗದ ಮಾತೇಕೆ ಎಂದು ಕೆಲವರು ಹುಬ್ಬು ಗಂಟಿಕ್ಕಿದ್ದನ್ನೂ ನಾವು ಕಂಡಿದ್ದೇವೆ. ಗೋಡೆಗೆ ಸುಣ್ಣ ಬಳಿಯುವುದಕ್ಕೆ, ಗಂಟೆಗೋಪುರದ ಬಿರುಕು ತುಂಬುವುದಕ್ಕೆ ನಾವೆಲ್ಲ ಸೇರಿ ಹಣ ಕೂಡಿಸಿದೆವು. ಆ ಗೋಡೆಗಳ ನಡುವೆ ಕೂಡುವ ಜನರ ಮೈಯ ಬಗ್ಗೆ ಒಂದು ಗಂಟೆ ಮಾತನಾಡಿದರೆ ಉತ್ಸವಕ್ಕೆ ಕುಂದಾಗದು.

2025ರ ಏಪ್ರಿಲ್ 21ರಂದು, ಪಾಸ್ಖ ಹಬ್ಬದ ಮರುದಿನ, ಜಗದ್ಗುರು ಪೋಪ್ ಫ್ರಾನ್ಸಿಸರು ತಮ್ಮ 88ನೆಯ ವಯಸ್ಸಿನಲ್ಲಿ ಪರಮಪದವನ್ನೈದಿದರು. ಹಿಂದಿನ ದಿನವಷ್ಟೇ ಅವರು ಮಾಳಿಗೆಯ ಮೇಲಿನಿಂದ ಲೋಕವನ್ನು ಆಶೀರ್ವದಿಸಿದ್ದನ್ನು ನಮ್ಮಲ್ಲಿ ಹಲವರು ದೂರದರ್ಶನದಲ್ಲಿ ನೋಡಿದ್ದೆವು. ಅವರು ತಿಂಗಳುಗಟ್ಟಲೆ ಶ್ವಾಸಕೋಶದ ಸೋಂಕಿನಿಂದ ಬಳಲಿದ್ದರಿಂದ, ಸಾವೂ ಅದರಿಂದಲೇ ಬಂದಿತೆಂದು ಎಲ್ಲರೂ ಭಾವಿಸಿದರು. ವ್ಯಾಟಿಕನ್ನಿನ ವೈದ್ಯರು ಪ್ರಕಟಿಸಿದ ಪತ್ರ ಬೇರೆಯೇ ಕಾರಣವನ್ನು ಹೇಳಿತು: ಪಾರ್ಶ್ವವಾಯು, ಅದರಿಂದ ಪ್ರಜ್ಞಾಹೀನತೆ, ಕೊನೆಗೆ ಹೃದಯ ಮತ್ತು ರಕ್ತಸಂಚಾರದ ನಿಲುಗಡೆ. ಅದೇ ಪತ್ರದಲ್ಲಿ ಅವರಿಗಿದ್ದ ಹಳೆಯ ತೊಂದರೆಗಳ ಪಟ್ಟಿಯೂ ಇತ್ತು. ಅದರಲ್ಲಿ ರಕ್ತದೊತ್ತಡವೂ ಸಕ್ಕರೆ ಕಾಯಿಲೆಯೂ ಸೇರಿದ್ದವು. ಮರುದಿನ ನಮ್ಮ ಸಭಾಂಗಣದಲ್ಲಿ ಒಬ್ಬ ತಾಯಿ, "ಲಕ್ವಾ ಅಂದ್ರ ಬಾಯಿ ಸೊಟ್ಟ ಆಗೋದಲ್ರೀ ಫಾದರ್? ಅದರಿಂದ ಜೀವಾನೂ ಹೋಗತೈತೇನ್ರೀ?" ಎಂದು ಕೇಳಿದರು. ಆ ಪ್ರಶ್ನೆಯೇ ಇಂದಿನ ಭಾಷಣದ ಬೀಜ.

ಹೋಗುತ್ತದೆ, ತಾಯೀ. ಜೀವ ಉಳಿದರೂ ಕೈ, ಕಾಲು, ಮಾತು, ನೆನಪು, ಇವುಗಳಲ್ಲಿ ಯಾವುದಾದರೂ ಹೋಗಬಹುದು. ಲಕ್ವಾ ಎಂದು ನಾವು ಕರೆಯುವ ಈ ರೋಗ ತೋರುವುದು ಕೈಕಾಲುಗಳಲ್ಲಿ, ಹುಟ್ಟುವುದು ತಲೆಯೊಳಗೆ. ನಮ್ಮ ಮಿದುಳು ದೇಹದ ತೂಕದಲ್ಲಿ ನೂರಕ್ಕೆ ಎರಡರಷ್ಟು ಮಾತ್ರ. ಆದರೆ ನಾವು ಉಸಿರಾಡಿದ ಆಮ್ಲಜನಕದಲ್ಲಿ ಐದನೆಯ ಒಂದು ಪಾಲು ಅದಕ್ಕೇ ಬೇಕು. ಆ ಪಾಲನ್ನು ಒಯ್ಯುವುದು ರಕ್ತನಾಳಗಳು. ಘಟಪ್ರಭೆಯ ದಂಡೆಯಲ್ಲಿ ಜಾಕ್‌ವೆಲ್ ಕಟ್ಟಿ, ಮೈಲುಗಟ್ಟಲೆ ಪೈಪು ಹಾಕಿ, ಹೊಲಕ್ಕೆ ನೀರು ಒಯ್ಯುವ ನಿಮಗೆ ಇದನ್ನು ವಿವರಿಸುವುದು ಕಷ್ಟವಲ್ಲ. ಪೈಪಿನಲ್ಲಿ ಕಸ ಸಿಕ್ಕಿಕೊಂಡರೆ ಮುಂದಿನ ಕಬ್ಬು ಒಣಗುತ್ತದೆ; ಹಳೆಯ ಪೈಪಿಗೆ ಮೋಟಾರಿನ ಒತ್ತಡ ಹೆಚ್ಚಾದರೆ ಅದು ಒಡೆದು ನೀರೆಲ್ಲ ಹೊರಗೆ ಚೆಲ್ಲುತ್ತದೆ. ಪಾರ್ಶ್ವವಾಯುವಿನಲ್ಲಿಯೂ ಈ ಎರಡೇ ಬಗೆ. ಬಹುಪಾಲು ಜನರಿಗೆ ಬರುವುದು ಮೊದಲನೆಯದು, ರಕ್ತದ ಹೆಪ್ಪು ನಾಳವನ್ನು ಮುಚ್ಚುವುದು. ಎರಡನೆಯದು ನಾಳ ಒಡೆದು ಮಿದುಳಿನೊಳಗೆ ರಕ್ತ ಹರಿಯುವುದು. ಎರಡಕ್ಕೂ ಬಹುದೊಡ್ಡ ಕಾರಣ ಒಂದೇ: ಅಧಿಕ ರಕ್ತದೊತ್ತಡ. ಕಬ್ಬು ನೀರಿಲ್ಲದೆ ವಾರ ತಡೆಯಬಹುದು, ಮಿದುಳು ತಡೆಯದು. ದೊಡ್ಡ ನಾಳವೊಂದು ಮುಚ್ಚಿದಾಗ ನಿಮಿಷಕ್ಕೆ ಸುಮಾರು 19 ಲಕ್ಷ ನರಕೋಶಗಳು ಸಾಯುತ್ತವೆಂದು ತಜ್ಞರ ಅಂದಾಜು.

ಈಗ ನಮ್ಮ ಕಥೆ. ನಾವು ಗುರುಮಠದಲ್ಲಿ ಓದುತ್ತಿದ್ದಾಗ ಸಂಜೆ ನಾಲ್ಕಕ್ಕೆ ಗಂಟೆ ಹೊಡೆಯುತ್ತಿತ್ತು. ಗಂಟೆ ಹೊಡೆದ ಮೇಲೆ ಕೋಣೆಯಲ್ಲಿ ಯಾರೂ ಉಳಿಯುವಂತಿರಲಿಲ್ಲ. ಒಂದು ದಿನ ಫುಟ್‌ಬಾಲ್, ಒಂದು ದಿನ ವಾಲಿಬಾಲ್, ಉಳಿದ ದಿನ ತೋಟದಲ್ಲಿ ಗುದ್ದಲಿ. ತತ್ವಶಾಸ್ತ್ರದ ಪುಸ್ತಕ ಹಿಡಿದು ಮೂಲೆಯಲ್ಲಿ ಅಡಗುತ್ತಿದ್ದ ನಮ್ಮನ್ನು ಹಿರಿಯ ಗುರುಗಳೊಬ್ಬರು ಕಿವಿ ಹಿಡಿದು ಮೈದಾನಕ್ಕೆ ಎಳೆದೊಯ್ದದ್ದುಂಟು. ಅದನ್ನು ಶಿಕ್ಷೆಯೆಂದೇ ಎಣಿಸಿದ್ದೆವು. ದೀಕ್ಷೆಯಾಗಿ ಹಳ್ಳಿಗಳ ಸೇವೆಗೆ ಬಂದಾಗ ಕೈಗೆ ಸಿಕ್ಕದ್ದು ಹಳೆಯ ಸೈಕಲ್. ಉಪಕೇಂದ್ರಗಳಿಗೆ, ಎರೆಹೊಲದ ಕೆಸರಿನಲ್ಲಿ, ಅರ್ಧ ದಾರಿ ನಾವು ಸೈಕಲನ್ನು ಹತ್ತಿ, ಇನ್ನರ್ಧ ಅದನ್ನು ನಾವೇ ಹೊತ್ತು ಹೋಗುತ್ತಿದ್ದೆವು. ಮುಂದೆ ಬೈಕು ಬಂತು, ಅದರ ಮುಂದೆ ಜೀಪು ಬಂತು. ಕಛೇರಿಯ ಕೆಲಸ ಬೆಳೆಯಿತು. ಯಾರ ಮನೆಗೆ ಹೋದರೂ ಚಹಾ, ಶಂಕರಪೋಳಿ. ಹಬ್ಬದ ಮನೆಗಳಲ್ಲಿ ಹೋಳಿಗೆ, ತುಪ್ಪ. ಬೇಡವೆಂದರೆ ನಿಮಗೆ ನೋವು, ತಿಂದರೆ ನಮಗೆ ಹೊಟ್ಟೆ. ಐವತ್ತೈದು ದಾಟುವಷ್ಟರಲ್ಲಿ ಪೂಜಾವಸ್ತ್ರದ ಸೊಂಟಪಟ್ಟಿ ಸಾಲದಾಯಿತು. ರಕ್ತದೊತ್ತಡವಿದೆ, ಮಾತ್ರೆ ತೆಗೆದುಕೊಳ್ಳಿ ಎಂದು ವೈದ್ಯರು ಹೇಳಿದ್ದರು. ತಲೆನೋವಿಲ್ಲ, ತಲೆಸುತ್ತಿಲ್ಲ, ಮಾತ್ರೆಯೇಕೆ ಎಂದು ಅದನ್ನು ಮೇಜಿನ ಖಾನೆಯಲ್ಲಿಟ್ಟು ಮರೆತೆವು.

ನಾಲ್ಕು ವರ್ಷದ ಹಿಂದೆ, ತಪಸ್ಸುಕಾಲದ ಒಂದು ಭಾನುವಾರ, ಬೆಳಗಿನ ಪೂಜೆಯಲ್ಲಿ ನಾವು ಪುಸ್ತಕದ ಹಾಳೆ ತಿರುವಲು ಬಲಗೈ ಎತ್ತಿದೆವು. ಕೈ ಬರಲಿಲ್ಲ. ಕೈ ನಮ್ಮದೇ, ಕಣ್ಣಿಗೆ ಕಾಣುತ್ತಿದೆ, ಆದರೆ ಅದು ಯಾರದೋ ಕೈ ಮೇಜಿನ ಮೇಲಿಟ್ಟಂತೆ ಬಿದ್ದಿತ್ತು. ಮುಂದಿನ ಪ್ರಾರ್ಥನೆ ಮನಸ್ಸಿನಲ್ಲಿದೆ, ನಾಲಿಗೆಗೆ ಬರಲೊಲ್ಲದು. ನಿಮ್ಮಲ್ಲಿ ಮುಂದಿನ ಸಾಲಿನಲ್ಲಿದ್ದವರಿಗೆ ನೆನಪಿರಬಹುದು. ಫಾದರ್ ಧ್ಯಾನದಲ್ಲಿದ್ದಾರೆಂದು ನೀವು ತಿಳಿದಿರಿ. ಐದಾರು ನಿಮಿಷದಲ್ಲಿ ಕೈಗೆ ಜೀವ ಬಂತು, ಮಾತೂ ಬಂತು. ಬಿಸಿಲಿನ ಝಳವೆಂದು ಯಾರೋ ಪಾನಕ ಕೊಟ್ಟರು, ಕುಡಿದು ಎರಡನೆಯ ಪೂಜೆಯನ್ನೂ ಮುಗಿಸಿದೆವು. ಯಾರಿಗೂ ಹೇಳಲಿಲ್ಲ. ಎರಡು ದಿನದ ಮೇಲೆ ಔಷಧಾಲಯದ ಭಗಿನಿಯವರ ಮುಂದೆ ಮಾತಿಗೆ ಮಾತು ಬಂದು ಬಾಯಿ ತಪ್ಪಿ ಹೇಳಿದಾಗ, ಆ ಸೌಮ್ಯ ಭಗಿನಿ ನಮ್ಮನ್ನು ಬೈದ ಬೈಗಳು ಇಂದಿಗೂ ಕಿವಿಯಲ್ಲಿವೆ. ಅಳತೆ ನೋಡಿದರೆ ಮೇಲಿನ ಅಂಕಿ 180, ಕೆಳಗಿನದು 110. ಅಂದೇ ಬಾಗಲಕೋಟೆಗೆ ಕರೆದೊಯ್ದರು. ವೈದ್ಯರು ಹೇಳಿದ್ದಿಷ್ಟು: ಹೆಪ್ಪೊಂದು ಬಂದು ನಾಳದಲ್ಲಿ ಸಿಕ್ಕಿ, ತಾನಾಗಿ ಕರಗಿಹೋಗಿದೆ, ಇದು ಕ್ಷಣಿಕ ಪಾರ್ಶ್ವವಾಯು, ದೊಡ್ಡದು ಬರುವ ಮೊದಲು ಬಾಗಿಲು ತಟ್ಟಿ ಹೋದ ದೂತ, ಇಂಥದಾದ ಮೇಲಿನ ಮೊದಲ ಎರಡು ದಿನವೇ ಅತಿ ಅಪಾಯದ್ದು. ಆ ಎರಡು ದಿನವನ್ನೇ ನಾವು ಮೌನದಲ್ಲಿ ಕಳೆದಿದ್ದೆವು. ಈ ತಪ್ಪು ಪೂರ್ತಿಯಾಗಿ ನಮ್ಮದೇ.

ಅವರು ಮಾತ್ರೆ ಬರೆದರು, ಉಪ್ಪಿನಕಾಯಿ ಬಿಡಿಸಿದರು, ಆಮೇಲೆ, "ನೀವು ದಿನಕ್ಕೆ ಎಷ್ಟು ನಡೆಯುತ್ತೀರಿ?" ಎಂದು ಕೇಳಿದರು. ಲೆಕ್ಕ ಹಾಕಿದೆವು. ಮನೆಯಿಂದ ದೇವಾಲಯಕ್ಕೆ, ದೇವಾಲಯದಿಂದ ಕಛೇರಿಗೆ. ಹೇಳಲು ನಾಚಿಕೆಯಾಯಿತು.

ನಡೆದರೆ ತಲೆಯೊಳಗಿನ ನಾಳಕ್ಕೇನು ಉಪಕಾರ ಎಂದು ನಾವು ಆಗ ಕೇಳಿದ್ದ ಪ್ರಶ್ನೆಯನ್ನು ನೀವೂ ಕೇಳುವಿರಿ. ಕಾಲಿನ ದೊಡ್ಡ ಸ್ನಾಯುಗಳು ದುಡಿಯತೊಡಗಿದಾಗ ಅವಕ್ಕೆ ಹೆಚ್ಚು ರಕ್ತ ಬೇಕಾಗುತ್ತದೆ. ಹೃದಯ ಬೇಗ ಬೇಗ ಹರಿಸುತ್ತದೆ. ರಭಸದಿಂದ ಹರಿವ ರಕ್ತ ನಾಳದ ಒಳಗೋಡೆಯನ್ನು ಸವರಿದಾಗ ಆ ಗೋಡೆಯೇ ಒಂದು ದ್ರವ್ಯವನ್ನು ಸ್ರವಿಸಿ, ನಾಳವನ್ನು ಸಡಿಲಿಸಿ ಅಗಲ ಮಾಡುತ್ತದೆ. ದಿನವೂ ಹೀಗಾದರೆ ನಾಳಗಳು ಮೆತುವನ್ನು ಉಳಿಸಿಕೊಳ್ಳುತ್ತವೆ, ರಕ್ತದೊತ್ತಡ ಇಳಿಯುತ್ತದೆ. ಒತ್ತಡ ಹೆಚ್ಚಿರುವವರು ಕೆಲವು ತಿಂಗಳು ಬಿಡದೆ ನಡೆದರೆ ಮೇಲಿನ ಅಂಕಿಯಲ್ಲಿ ಐದರಿಂದ ಎಂಟರಷ್ಟು ಇಳಿತ ಕಾಣುವುದು ಸಾಮಾನ್ಯ. ಐದು ಇಳಿದರೆ ಏನು ಮಹಾ ಎನ್ನಬೇಡಿರಿ. ಐದೇ ಇಳಿದರೂ ಪಾರ್ಶ್ವವಾಯುವಿನ ಸಂಭವ ನೂರಕ್ಕೆ ಹತ್ತಕ್ಕೂ ಮಿಕ್ಕಿ ಕಡಿಮೆಯಾಗುತ್ತದೆಂದು, ಹಲವು ದೇಶಗಳ ಔಷಧ ಪರೀಕ್ಷೆಗಳನ್ನು ಒಟ್ಟುಗೂಡಿಸಿ 2021ರಲ್ಲಿ ಲೆಕ್ಕ ಹಾಕಿ ತೋರಿಸಿದ್ದಾರೆ. ಇಷ್ಟೇ ಅಲ್ಲ. ದುಡಿಯುವ ಸ್ನಾಯು ರಕ್ತದ ಸಕ್ಕರೆಯನ್ನು ಎಳೆದುಕೊಳ್ಳುತ್ತದೆ. ಒಳ್ಳೆಯ ಕೊಬ್ಬು ಏರುತ್ತದೆ. ನಡುವಿನ ಸುತ್ತಳತೆ ಇಳಿಯುತ್ತದೆ. ರಕ್ತ ಹೆಪ್ಪುಗಟ್ಟುವ ಸ್ವಭಾವವೂ ತಗ್ಗುತ್ತದೆ.

ಇದು ಪಾಶ್ಚಾತ್ಯರ ಮೈಗೆ ಹೊಂದುವ ಮಾತು, ನಮಗಲ್ಲ ಎನ್ನುವವರೂ ಇದ್ದಾರೆ. ಅವರಿಗೆ ಹೆಮ್ಮೆಯಿಂದ ಒಂದು ಸಂಗತಿ ಹೇಳಬೇಕು. ಭಾರತದ ಕಥೋಲಿಕ ಧರ್ಮಾಧ್ಯಕ್ಷರ ಸಮ್ಮೇಳನದವರು 1963ರಲ್ಲಿ ಬೆಂಗಳೂರಿನಲ್ಲಿ ಸೇಂಟ್ ಜಾನ್ಸ್ ವೈದ್ಯಕೀಯ ಕಾಲೇಜನ್ನು ಸ್ಥಾಪಿಸಿದರು. ನಮ್ಮ ಧರ್ಮಕೇಂದ್ರಗಳ ಕಾಣಿಕೆಯ ಪೆಟ್ಟಿಗೆಗೂ ಅದರ ಹೆಸರು ಹೊಸದಲ್ಲ. ಪಾರ್ಶ್ವವಾಯುವಿನ ಕಾರಣಗಳನ್ನು ಹುಡುಕಿ ನಡೆದ 'ಇಂಟರ್‌ಸ್ಟ್ರೋಕ್' ಎಂಬ ಅಂತರರಾಷ್ಟ್ರೀಯ ಅಧ್ಯಯನದಲ್ಲಿ ಆ ಕಾಲೇಜಿನ ಡಾ. ಡೆನಿಸ್ ಝೇವಿಯರ್ ಅವರು ಪ್ರಮುಖರಲ್ಲೊಬ್ಬರು. ಮೊದಲ ವರದಿ 2010ರಲ್ಲಿ 22 ದೇಶಗಳಿಂದ, ವಿಸ್ತಾರವಾದ ವರದಿ 2016ರಲ್ಲಿ 32 ದೇಶಗಳಿಂದ 'ಲ್ಯಾನ್ಸೆಟ್' ಪತ್ರಿಕೆಯಲ್ಲಿ ಪ್ರಕಟವಾದವು. 13 ಸಾವಿರಕ್ಕೂ ಹೆಚ್ಚು ರೋಗಿಗಳನ್ನು ಅಷ್ಟೇ ಸಂಖ್ಯೆಯ ನಿರೋಗಿಗಳೊಡನೆ ಹೋಲಿಸಿ ನೋಡಿದರು. ಅವರಲ್ಲಿ ನಮ್ಮ ದೇಶದವರೂ ಇದ್ದರು. ಹತ್ತು ಕಾರಣಗಳು ಸೇರಿ ಹತ್ತರಲ್ಲಿ ಒಂಬತ್ತು ಪಾರ್ಶ್ವವಾಯುಗಳಿಗೆ ಹೊಣೆ, ಆ ಹತ್ತೂ ಬಹುಮಟ್ಟಿಗೆ ನಮ್ಮ ಹತೋಟಿಗೆ ಬರತಕ್ಕವು ಎಂಬುದು ಅದರ ಸಾರ. ಅವುಗಳಲ್ಲಿ ಮೊದಲನೆಯದು ರಕ್ತದೊತ್ತಡ, ಸುಮಾರು ಅರ್ಧದಷ್ಟಕ್ಕೆ. ಅದರ ಬೆನ್ನಿಗೇ ನಿಂತದ್ದು ದೇಹಶ್ರಮವಿಲ್ಲದ ಬದುಕು, ಸುಮಾರು ಮೂರನೆಯ ಒಂದು ಪಾಲಿಗೆ. ತಂಬಾಕು, ಮದ್ಯ, ಆಹಾರದ ದೋಷ, ಸಕ್ಕರೆ ಕಾಯಿಲೆ, ಹೃದಯದ ರೋಗ, ಮನಸ್ಸಿನ ಕಳವಳ ಮೊದಲಾದವು ಅನಂತರ. ಈ ಪಾಲುಗಳನ್ನು ಕೂಡಿಸಿದರೆ ನೂರಕ್ಕೂ ಮೀರುತ್ತದಲ್ಲ ಎಂದು ನಮ್ಮ ಗಣಿತದ ಶಿಕ್ಷಕರು ಆಕ್ಷೇಪಿಸಿದರು. ನಿಜ, ಮೀರುತ್ತದೆ, ಒಬ್ಬನೇ ಮನುಷ್ಯನಲ್ಲಿ ನಾಲ್ಕು ಕಾರಣಗಳು ಕೈಕೈ ಹಿಡಿದಿರುತ್ತವೆ. ನಮ್ಮಲ್ಲಿಯೇ ಮೂರಿದ್ದವು.

ಸ್ತ್ರೀಯರ ವಿಷಯದಲ್ಲಿ ಅಮೇರಿಕೆಯ ದಾದಿಯರ ಅಧ್ಯಯನವೊಂದಿದೆ. 72 ಸಾವಿರಕ್ಕೂ ಹೆಚ್ಚು ದಾದಿಯರನ್ನು ಎಂಟು ವರ್ಷ ಗಮನಿಸಿ 2000ದಲ್ಲಿ ಪ್ರಕಟಿಸಿದ ಆ ವರದಿಯಂತೆ, ಅತಿ ಹೆಚ್ಚು ದೇಹಶ್ರಮ ಮಾಡುವವರಲ್ಲಿ ಪಾರ್ಶ್ವವಾಯು ಅತಿ ಕಡಿಮೆ ಶ್ರಮದವರಿಗಿಂತ ಮೂರನೆಯ ಒಂದರಷ್ಟು ಕಡಿಮೆ. ಓಟವೇ ಬೇಕಿರಲಿಲ್ಲ, ಬಿರುಸಿನ ನಡಿಗೆಯೂ ಗುಣ ಕೊಟ್ಟಿತ್ತು. ಇಂಥ ಲೆಕ್ಕಗಳಲ್ಲಿ ಒಂದು ಸಂದೇಹ ಸದಾ ಉಳಿಯುತ್ತದೆ: ಆರೋಗ್ಯವಿದ್ದವರು ನಡೆಯುತ್ತಾರೋ, ನಡೆದದ್ದರಿಂದ ಆರೋಗ್ಯವೋ? ಎರಡೂ ಸ್ವಲ್ಪ ಸ್ವಲ್ಪ ನಿಜವಿರಬೇಕು. ಆದರೆ ನಡಿಗೆಯಿಂದ ರಕ್ತದೊತ್ತಡ ಇಳಿಯುವುದನ್ನು ನೇರವಾಗಿ ಪರೀಕ್ಷಿಸಿ ನೋಡಿದ್ದಾರೆ. ಅದರಲ್ಲಿ ಸಂದೇಹಕ್ಕೆ ಎಡೆಯಿಲ್ಲ.

ಇಲ್ಲಿ ನಾವು ಒಂದು ಮಾತನ್ನು ನಿಧಾನವಾಗಿ ಹೇಳಬೇಕಾಗಿದೆ. ನಮ್ಮ ದೇವಾಲಯದ ಗಂಟೆಯನ್ನು ಬಹುಕಾಲ ಬಾರಿಸಿದ ಹಿರಿಯರೊಬ್ಬರನ್ನು ನೀವೆಲ್ಲ ಬಲ್ಲಿರಿ. ಅವರ ಒಪ್ಪಿಗೆ ಪಡೆದೇ ಈ ಮಾತು ಹೇಳುತ್ತಿದ್ದೇವೆ. ಅವರಿಗೆ ಕುಡಿತವಿಲ್ಲ, ಬೀಡಿಯಿಲ್ಲ, ಜೀವಮಾನವೆಲ್ಲ ಕಾಲ್ನಡಿಗೆ. ಆದರೂ ಕಳೆದ ವರ್ಷ ಅವರ ಬಲಭಾಗಕ್ಕೆ ಲಕ್ವಾ ಹೊಡೆಯಿತು. ನಾವು ಆಸ್ಪತ್ರೆಗೆ ಹೋದಾಗ, ತೊದಲುತ್ತ ಅವರು ಕೇಳಿದ ಮೊದಲ ಪ್ರಶ್ನೆ: "ಫಾದರ್, ನಾ ಏನ್ ಪಾಪ ಮಾಡೀನ್ರೀ?" ನಲವತ್ತು ವರ್ಷ ಹತ್ತಿರ ಉಪದೇಶ ಮಾಡಿದ ನಮಗೆ ಆ ಕ್ಷಣ ಉತ್ತರ ಸಿಗದೆ ಅವರ ಎಡಗೈ ಹಿಡಿದು ಕುಳಿತೆವು. ಯಾವ ಪಾಪವೂ ಇಲ್ಲ, ಅಣ್ಣಾ. ವಯಸ್ಸಿದೆ, ತಂದೆತಾಯಿಯಿಂದ ಬಂದ ರಕ್ತವಿದೆ. ಎಂದೂ ಅಳೆಯದೆ ಹೋದ ರಕ್ತದೊತ್ತಡವಿದ್ದೀತು. ನಡಿಗೆ ಅಪಾಯವನ್ನು ತಗ್ಗಿಸುತ್ತದೆ, ತೊಡೆಯುವುದಿಲ್ಲ. ಆದುದರಿಂದ ರೋಗ ಬಂದವರನ್ನು ನೋಡಿ, ಇವನು ನಡೆಯಲಿಲ್ಲ, ಅದಕ್ಕೇ ಬಂತು ಎಂದು ತೀರ್ಪು ಕೊಡುವ ಹಕ್ಕು ನಮಗಾರಿಗೂ ಇಲ್ಲ. ಜಗದ್ಗುರು ಫ್ರಾನ್ಸಿಸರೂ ಮೊಣಕಾಲಿನ ನೋವಿನಿಂದ 2022ರಿಂದ ಗಾಲಿಕುರ್ಚಿಯನ್ನು ಆಶ್ರಯಿಸಬೇಕಾಗಿತ್ತು. ನಡೆಯಬಾರದೆಂದು ಅವರು ಕುಳಿತದ್ದಲ್ಲ.

ನಡೆಯಬಲ್ಲವರಾಗಿಯೂ ಕುಳಿತಿರುವವರು ನಾವು. ಈ ನಾಡು ಹಿಂದೆ ಹೀಗಿರಲಿಲ್ಲ. ಹತ್ತನೆಯ ಶತಮಾನದ ಕವಿಚಕ್ರವರ್ತಿ ರನ್ನ ಹುಟ್ಟಿದ್ದು ಇದೇ ಮುಧೋಳದ ಬಳೆಗಾರರ ಮನೆಯಲ್ಲಿ. ಬಳೆಯ ಮಲಾರ ಹೆಗಲಿಗೇರಿಸಿ ಊರೂರು ತಿರುಗುವ ಬಳೆಗಾರನನ್ನು ನಮ್ಮ ಬಾಲ್ಯದಲ್ಲಿಯೂ ಕಂಡಿದ್ದೇವೆ. ಈಗ ಬಳೆಯ ಅಂಗಡಿಯಲ್ಲಿ ಕುರ್ಚಿಯಿದೆ, ಮೇಲೆ ಫ್ಯಾನಿದೆ. ರಬಕವಿ-ಬನಹಟ್ಟಿಯ ನೇಕಾರ ಬಾಂಧವರು ಕೈಮಗ್ಗದಲ್ಲಿ ಕೈಯನ್ನೂ ಕಾಲನ್ನೂ ದಿನವೆಲ್ಲ ಆಡಿಸುತ್ತಿದ್ದರು; ವಿದ್ಯುತ್ ಮಗ್ಗ ಬಂದ ಮೇಲೆ ಮಗ್ಗವೇ ಆಡುತ್ತದೆ, ನೇಕಾರ ಕಾವಲು ನಿಲ್ಲುತ್ತಾನೆ. ಎತ್ತಿನ ಹಿಂದೆ ಹತ್ತೆಂಟು ಮೈಲಿ ನಡೆಯುತ್ತಿದ್ದ ಒಕ್ಕಲಿಗ ಟ್ರ್ಯಾಕ್ಟರಿನ ಮೇಲೆ ಕುಳಿತ. ವಿಜಯಪುರ, ಬಾಗಲಕೋಟೆ ಜಿಲ್ಲೆಗಳು ರಾಜ್ಯಕ್ಕೆ ಹೆಸರಾಂತ ಸೈಕಲ್ ಪಟುಗಳನ್ನು ಕೊಟ್ಟಿವೆ. ನಮ್ಮ ಹುಡುಗರೋ ಕಿರಾಣಿ ಅಂಗಡಿಗೂ ಬೈಕು ಹೊರಡಿಸುತ್ತಾರೆ. ಇನ್ನು ನಮ್ಮ ಊರಿನ ಹೆಸರನ್ನು ಲೋಕಕ್ಕೆ ಸಾರಿದ ಮುಧೋಳದ ಬೇಟೆನಾಯಿಯ ಮಾತು. ತಿಮ್ಮಾಪುರದ ಶ್ವಾನ ಸಂಶೋಧನಾ ಕೇಂದ್ರದಿಂದ ಅದು ಸೈನ್ಯಕ್ಕೂ ಹೋಗಿದೆ. ಆ ನಾಯಿಯನ್ನು ದಿನವೂ ಓಡಿಸದಿದ್ದರೆ ಕೆಡುತ್ತದೆಂಬ ತಿಳಿವಳಿಕೆ ಸಾಕುವವರಿಗೆಲ್ಲ ಇದೆ. ಬೆಳಗಿನಲ್ಲಿ ನಾವು ರಸ್ತೆಯಲ್ಲಿ ಕಾಣುವ ನೋಟ ಹೀಗಿದೆ: ನಾಯಿ ಓಡುತ್ತಿರುತ್ತದೆ, ಅದರ ಹಗ್ಗ ಹಿಡಿದ ಒಡೆಯ ಬೈಕಿನ ಮೇಲೆ ಕುಳಿತಿರುತ್ತಾನೆ. ವ್ಯಾಯಾಮವೆಲ್ಲ ನಾಯಿಗೆ.

ಹಳೆಯ ಕಾಲವೇ ಚೆನ್ನಾಗಿತ್ತೆಂದು ನಾವು ಹೇಳುತ್ತಿಲ್ಲ. ಬೀಸುವ ಕಲ್ಲನ್ನು ಹೊಗಳುವವರು ಸಾಮಾನ್ಯವಾಗಿ ಅದನ್ನು ಬೀಸಿದವರಲ್ಲ. ನಮ್ಮ ತಾಯಿಯವರು ನಸುಕಿನಲ್ಲೆದ್ದು ಜೋಳ ಬೀಸಿ, ಮೂರು ಸಲ ನೀರು ಹೊತ್ತು, ಐವತ್ತಕ್ಕೇ ಬೆನ್ನು ಬಾಗಿ ಹೋದರು. ಗಿರಣಿ, ನಳ, ಮಿಕ್ಸರ್ ಬಂದದ್ದು ದೇವರ ಕೃಪೆಯೇ. ಆದರೆ ಆ ಯಂತ್ರಗಳು ಉಳಿಸಿಕೊಟ್ಟ ಹೊತ್ತಿನಲ್ಲಿ ಅರ್ಧ ಗಂಟೆಯನ್ನಾದರೂ ಕಾಲಿಗೆ ಹಿಂದಿರುಗಿಸಬೇಕು. ಅದನ್ನೂ ಧಾರಾವಾಹಿಗೆ ಕೊಟ್ಟುಬಿಟ್ಟಿದ್ದೇವೆ.

"ಮುಂಜಾನಿಂದ ಸಂಜೀತನಕ ಕಬ್ಬು ಕಡಿಯಾವ್ರಿಗೆ ಮತ್ತ ವಾಕಿಂಗ್ ಯಾಕ್ರೀ?" ಎಂದು ಮೊನ್ನೆ ಯುವಕನೊಬ್ಬ ಕೇಳಿದ. ನ್ಯಾಯವಾದ ಪ್ರಶ್ನೆ. ಕಬ್ಬು ಕಡಿಯುವವನಿಗೆ, ತಲೆಯ ಮೇಲೆ ಸೂಡು ಹೊತ್ತು ಟ್ರೈಲರ್ ಏರುವ ಹೆಣ್ಣುಮಗಳಿಗೆ ನಾವು ನಡಿಗೆಯನ್ನು ಬೋಧಿಸಿದರೆ ಅದು ಅಪಹಾಸ್ಯವಾದೀತು. ಅವರಿಗೆ ಬೇಕಾದದ್ದು ವಿಶ್ರಾಂತಿ, ಹೊಟ್ಟೆತುಂಬ ಒಳ್ಳೆಯ ಊಟ, ಕುಡಿಯಲು ನೀರು. ಬಾಯಿಯ ತಂಬಾಕನ್ನು ಉಗುಳುವುದು, ಸಂಜೆಯ ಸಾರಾಯಿಯನ್ನು ಬಿಡುವುದು, ವರ್ಷಕ್ಕೊಮ್ಮೆಯಾದರೂ ರಕ್ತದೊತ್ತಡ ಅಳೆಸುವುದು. ದುಡಿಮೆ ಮೈಯನ್ನು ಗಟ್ಟಿ ಮಾಡೀತು, ಏರಿದ ಒತ್ತಡವನ್ನು ಮುಚ್ಚಿಡಲೂಬಹುದು. ಗಟ್ಟಿ ಆಳು ಒಂದು ದಿನ ಹೊಲದಲ್ಲೇ ಕುಸಿದದ್ದನ್ನು ನೀವೂ ನೋಡಿದ್ದೀರಿ. ನಡಿಗೆಯ ಮಾತು ಉಳಿದ ನಮಗೆ: ಅಂಗಡಿಕಾರರಿಗೆ, ಶಿಕ್ಷಕರಿಗೆ, ಕಾರ್ಖಾನೆಯ ಗುಮಾಸ್ತರಿಗೆ, ಟ್ರ್ಯಾಕ್ಟರ್ ಒಡೆಯರಿಗೆ, ಮನೆಯೊಳಗಿನ ತಾಯಂದಿರಿಗೆ, ಗುರುಗಳಿಗೆ.

ಎಷ್ಟು ನಡೆಯಬೇಕು? ವಿಶ್ವ ಆರೋಗ್ಯ ಸಂಸ್ಥೆ 2020ರಲ್ಲಿ ಕೊಟ್ಟ ಸೂಚನೆಯಂತೆ ವಾರಕ್ಕೆ 150ರಿಂದ 300 ನಿಮಿಷ ಸಾಧಾರಣ ಶ್ರಮ, ಇಲ್ಲವೇ 75ರಿಂದ 150 ನಿಮಿಷ ಕಠಿಣ ಶ್ರಮ. ವಾರಕ್ಕೆ ಐದು ದಿನ ಅರ್ಧ ಗಂಟೆಯೆಂದರೆ ಕನಿಷ್ಠ ಲೆಕ್ಕ ತುಂಬಿತು. ನಾವು ಗಡಿಯಾರ ನೋಡುವುದಿಲ್ಲ. ಅವಸರವಿಲ್ಲದೆ ಹೇಳಿದ ಒಂದು ಜಪಸರಕ್ಕೆ ಸುಮಾರು ಇಪ್ಪತ್ತು ನಿಮಿಷ; ಹೋಗುವಾಗ ಒಂದು, ಬರುವಾಗ ಒಂದು. ಮೊದಲ ವಾರ ಎರಡನೆಯ ರಹಸ್ಯಕ್ಕೇ ಏದುಸಿರು ಬಂದು ಕಟ್ಟೆಯ ಮೇಲೆ ಕುಳಿತುಬಿಡುತ್ತಿದ್ದೆವು. ಐದು ರಹಸ್ಯ ಮುಗಿಸಲು ಒಂದು ತಿಂಗಳು ಹಿಡಿಯಿತು. ವೇಗಕ್ಕೆ ಸುಲಭವಾದ ಅಳತೆಯಿದೆ. ನಡೆಯುತ್ತ ಮಾತನಾಡಲು ಬರಬೇಕು, ಹಾಡಲು ಬರಬಾರದು. ಹಾಡಲು ಬಂದರೆ ನಡಿಗೆ ನಿಧಾನವಾಯಿತು, ಮಾತೂ ಬಾರದಿದ್ದರೆ ಅತಿಯಾಯಿತು. ಗಾನವೃಂದದವರಿಗೆ ಈ ಅಳತೆ ಅನ್ವಯಿಸದೆಂದು ಅವರ ನಾಯಕರ ವಾದ. ಅದನ್ನು ಅವರು ನಡೆದು ತೋರಿಸಲಿ. ಅರ್ಧ ಗಂಟೆ ಒಮ್ಮೆಲೇ ಸಿಗದಿದ್ದರೆ ಹತ್ತು ಹತ್ತು ನಿಮಿಷ ಮೂರು ಸಲವಾದರೂ ಆದೀತು. ಸೈಕಲ್ ತುಳಿದರೂ, ತೋಟ ಅಗೆದರೂ, ಮಕ್ಕಳೊಡನೆ ಚೆಂಡಾಡಿದರೂ ಲೆಕ್ಕಕ್ಕೆ ಬರುತ್ತದೆ. ಬೆಳಿಗ್ಗೆ ಅರ್ಧ ಗಂಟೆ ನಡೆದು ದಿನವೆಲ್ಲ ಕುರ್ಚಿಗೆ ಅಂಟಿದರೆ ಬಂದ ಗುಣದ ಒಂದಿಷ್ಟು ಕೈಬಿಡುತ್ತದೆ, ತಾಸಿಗೊಮ್ಮೆ ಏಳಬೇಕು.

ಮಾತ್ರೆಯ ವಿಷಯದಲ್ಲಿ ನಾವು ಮಾಡಿದ ಎರಡನೆಯ ಮೂರ್ಖತನವನ್ನೂ ಹೇಳಿಬಿಡುತ್ತೇವೆ. ಎಂಟು ತಿಂಗಳು ನಡೆದು, ಆರು ಕಿಲೋ ಇಳಿದು, ಅಂಕಿ 130ಕ್ಕೆ ಬಂದಾಗ ಇನ್ನು ನಡಿಗೆಯೇ ಸಾಕೆಂದು ಯಾರನ್ನೂ ಕೇಳದೆ ಮಾತ್ರೆ ನಿಲ್ಲಿಸಿದೆವು. ತಿಂಗಳೊಳಗೆ ಅಂಕಿ 160 ದಾಟಿತು. ನಡಿಗೆ ಮಾತ್ರೆಯ ಗೆಳೆಯ, ಅದರ ಬದಲಿಯಲ್ಲ. ಪ್ರಮಾಣ ಇಳಿಸುವುದೋ ನಿಲ್ಲಿಸುವುದೋ ವೈದ್ಯರ ಕೆಲಸ. 140ರ ಮೇಲೆ 90 ಎಂಬ ಗಡಿಯನ್ನು ಯಾವುದೇ ಅಂಕಿ ಮತ್ತೆ ಮತ್ತೆ ಮುಟ್ಟುತ್ತಿದ್ದರೆ, ಮೈಯಲ್ಲಿ ಏನೂ ತೊಂದರೆ ಕಾಣದಿದ್ದರೂ ಅವರ ಬಳಿಗೆ ಹೋಗಿರಿ.

ಗರಡಿಮನೆಯ ಯುವಕರಿಗೂ ಒಂದು ಮಾತು. ಜಾತ್ರೆಗಳಲ್ಲಿ ಗುಂಡುಕಲ್ಲು ಎತ್ತುವುದು, ಜೋಳದ ಚೀಲ ಎತ್ತುವುದು ನಮ್ಮ ಸೀಮೆಯ ಹೆಮ್ಮೆ. ಅದಕ್ಕೆ ವರ್ಷಗಟ್ಟಲೆಯ ಸಾಧನೆ ಬೇಕು. ಉಸಿರು ಬಿಗಿಹಿಡಿದು ಭಾರ ಎತ್ತುವ ಕ್ಷಣದಲ್ಲಿ ರಕ್ತದೊತ್ತಡ ಥಟ್ಟನೆ ಬಹಳ ಎತ್ತರಕ್ಕೇರುತ್ತದೆ. ನಲವತ್ತೈದು ದಾಟಿದ, ಒತ್ತಡ ಎಷ್ಟಿದೆಯೆಂದೇ ತಿಳಿಯದ ಮನುಷ್ಯ ಗೆಳೆಯರ ಪಂಥಕ್ಕೆ ಚೀಲಕ್ಕೆ ಕೈ ಹಾಕುವುದು ವ್ಯಾಯಾಮವಲ್ಲ. ನಡೆಯುವಾಗ ಎದೆ ಹಿಡಿದರೆ, ಕಣ್ಣು ಕತ್ತಲಿಟ್ಟರೆ, ಅಲ್ಲಿಗೇ ನಿಲ್ಲಿಸಿ ವೈದ್ಯರಲ್ಲಿಗೆ ಹೋಗಬೇಕು. ಸಕ್ಕರೆ ಕಾಯಿಲೆಗೆ ಇನ್ಸುಲಿನ್ ತೆಗೆದುಕೊಳ್ಳುವವರು ಕಿಸೆಯಲ್ಲಿ ಒಂದು ತುಣುಕು ಬೆಲ್ಲವಿಟ್ಟುಕೊಳ್ಳಬೇಕು. ಬೆಲ್ಲಕ್ಕೆ ನಮ್ಮಲ್ಲಿ ಕೊರತೆಯಿಲ್ಲ.

ಎಲ್ಲಿ ನಡೆಯುವುದು ಎಂಬುದೇ ನಿಜವಾದ ತೊಡಕು. ಕಬ್ಬು ನುರಿಸುವ ಹಂಗಾಮಿನಲ್ಲಿ ಎರಡೆರಡು ಟ್ರೈಲರ್ ಎಳೆಯುವ ಟ್ರ್ಯಾಕ್ಟರುಗಳು, ಹಿಂದೆ ದೀಪವಿಲ್ಲದೆ, ಮುಂದೆ ಕಿವಿಗಡಚಿಕ್ಕುವ ಹಾಡಿನೊಡನೆ, ರಾತ್ರಿ ಹಗಲೆನ್ನದೆ ಸಾಲುಗಟ್ಟುತ್ತವೆ. ಪಾರ್ಶ್ವವಾಯು ತಪ್ಪಿಸಲು ಹೋಗಿ ಟ್ರ್ಯಾಕ್ಟರಿಗೆ ಸಿಕ್ಕಬಾರದು. ಚೈತ್ರ, ವೈಶಾಖದ ಬಿಸಿಲು ಏಳು ಗಂಟೆಗೇ ಸುಡುತ್ತದೆ. ಹೆಣ್ಣುಮಕ್ಕಳು ಒಬ್ಬರೇ ಬಿರುಬಿರನೆ ನಡೆದರೆ ಎಲ್ಲಿಗೆ ಹೊರಟೆ ಎಂದು ಹತ್ತು ಜನ ಕೇಳುತ್ತಾರೆ. ಈ ಕಾರಣಗಳನ್ನೆಲ್ಲ ಯೋಚಿಸಿ ಧರ್ಮಕೇಂದ್ರದ ಮಂಡಳಿಯವರು ನಮ್ಮ ಕೋರಿಕೆಯಂತೆ ಒಂದು ನಿರ್ಣಯ ಮಾಡಿದ್ದಾರೆ. ದೇವಾಲಯದ ಆವರಣದ ಸುತ್ತಲಿನ ಮುಳ್ಳುಕಂಟಿ ಕಡಿಸಿ, ಮೊರಂ ಹಾಕಿಸಿ, ಗೋಡೆಯ ಒಳಗಡೆ ಒಂದು ಕಾಲುದಾರಿ ಮಾಡಿಸಲಾಗಿದೆ. ಶತಮಾನೋತ್ಸವದ ನಿಧಿಯಿಂದ ಇದಕ್ಕೆ ಹಣವೇಕೆ ಎಂದು ಸಭೆಯಲ್ಲಿ ಬಿಸಿ ಚರ್ಚೆಯಾದದ್ದು ನಿಜ. ಆ ಹಣದಲ್ಲಿ ಕಮಾನಿಗೆ ಇನ್ನೊಂದು ಸಾಲು ದೀಪ ಹಾಕಬಹುದಾಗಿತ್ತು.

ಕೊನೆಗೆ, ರೋಗ ಬಂದೇ ಬಂದರೆ ಏನು ಮಾಡಬೇಕೆಂಬುದನ್ನು ಬೇಗನೆ ಹೇಳಿ ಮುಗಿಸುತ್ತೇವೆ. ಬಾಯಿ ಒಂದು ಕಡೆಗೆ ಸೊಟ್ಟಾದರೆ, ಎತ್ತಿದ ಎರಡು ಕೈಗಳಲ್ಲಿ ಒಂದು ಕೆಳಗೆ ಜಾರಿದರೆ, ಮಾತು ತೊದಲಿದರೆ, ಅದು ಶುರುವಾದ ಗಂಟೆಯನ್ನು ನೆನಪಿಡಿ. ಕೂಡಲೇ 108ಕ್ಕೆ ಕರೆ ಮಾಡಿ. ಬಾಯಿಗೆ ನೀರು, ಮಾತ್ರೆ ಏನನ್ನೂ ಹಾಕಬೇಡಿ. ಹೆಪ್ಪು ಕರಗಿಸುವ ಚುಚ್ಚುಮದ್ದನ್ನು, ತಲೆಯ ಸಿ.ಟಿ. ಸ್ಕ್ಯಾನ್ ಮಾಡಿ ನೋಡಿದ ಮೇಲೆ, ಸಾಮಾನ್ಯವಾಗಿ ನಾಲ್ಕೂವರೆ ತಾಸಿನೊಳಗೆ ಕೊಡಬೇಕು. ಮುಧೋಳದಿಂದ ಬಾಗಲಕೋಟೆಯೋ ಬೆಳಗಾವಿಯೋ ಎಂದು ಮನೆಯವರು ಚರ್ಚಿಸುವಷ್ಟರಲ್ಲೇ ಒಂದು ತಾಸು ಹೋಗುತ್ತದೆ. ಗಂಟೆಯ ಹಿರಿಯರ ವಿಷಯದಲ್ಲಿ ಹೋದದ್ದು ಒಂದು ತಾಸಲ್ಲ. ಪಾರಿವಾಳದ ರಕ್ತ ಹಚ್ಚಿಸಲು, ಲಕ್ವಾಕ್ಕೆ ಎಣ್ಣೆ ಕೊಡುವವರ ಊರಿಗೆ ಒಯ್ಯಲು ಒಂದು ಹಗಲು ಒಂದು ರಾತ್ರಿ ಕಳೆಯಿತು. ಪ್ರೀತಿಯಿಂದಲೇ ಮಾಡಿದರು, ಯಾರನ್ನೂ ದೂರುವುದಿಲ್ಲ. ಮುಂದಿನವರಿಗೆ ಹಾಗಾಗಬಾರದೆಂದು ಹೇಳುತ್ತಿದ್ದೇವೆ.

ಅವರಿಗೂ ವೈದ್ಯರು ಹೇಳಿದ ಔಷಧಗಳಲ್ಲಿ ಒಂದು ನಡಿಗೆಯೇ. ಮೂರು ತಿಂಗಳು ಅವರನ್ನು ಮಂಚದಿಂದ ಇಳಿಯಗೊಡದೆ ಮನೆಯವರು ಜೋಪಾನ ಮಾಡಿದ್ದರು. ಆ ಜೋಪಾನದಲ್ಲಿ ಕಾಲು ಇನ್ನಷ್ಟು ಸೋತಿತ್ತು. ಈಗ ಅವರ ಪತ್ನಿ ಒಂದು ಕಡೆ, ನಾವೊಂದು ಕಡೆ, ಎಡಗೈಯಲ್ಲಿ ಕೋಲು. ಆವರಣದ ಒಂದು ಸುತ್ತಿಗೆ ಅವರಿಗೆ ಅರ್ಧ ಗಂಟೆ ಹಿಡಿಯುತ್ತದೆ, ಬಲಗಾಲು ಮೊರಮಿನ ಮೇಲೆ ಗೆರೆ ಎಳೆಯುತ್ತ ಬರುತ್ತದೆ. ಕಳೆದ ತಿಂಗಳು ಅವರು ಗಂಟೆಯ ಹಗ್ಗದ ಹತ್ತಿರ ನಿಂತು, ಕೋಲನ್ನು ಪತ್ನಿಯ ಕೈಗೆ ಕೊಟ್ಟು, ಎಡಗೈಯಿಂದ ಮೂರು ಸಲ ಎಳೆದರು. ಎರಡು ಸಲ ಗಂಟೆ ನುಡಿಯಿತು.

ಸೋಮವಾರದಿಂದ ಪ್ರತಿದಿನ ಬೆಳಿಗ್ಗೆ ಐದೂವರೆಗೆ ಆವರಣದ ದೊಡ್ಡ ಬಾಗಿಲು ತೆರೆದಿರುತ್ತದೆ, ಸುತ್ತಲೂ ದೀಪ ಉರಿಯುತ್ತಿರುತ್ತದೆ. ಕ್ರೈಸ್ತರಲ್ಲದ ನೆರೆಹೊರೆಯವರಿಗೂ ಮುಕ್ತ ಪ್ರವೇಶವಿದೆ, ಅವರನ್ನೂ ಕರೆತನ್ನಿ. ಭಗಿನಿಯವರು ಪ್ರತಿ ಗುರುವಾರ ಆರೂವರೆಯಿಂದ ಎಂಟರವರೆಗೆ ಸಭಾಂಗಣದಲ್ಲಿ ರಕ್ತದೊತ್ತಡ ಅಳೆದು ಚೀಟಿಯಲ್ಲಿ ಬರೆದುಕೊಡುವರು. ಇಂದು ಪಡೆದ ಚೀಟಿಯನ್ನು ಕಳೆಯದೆ ತರಬೇಕು. ಮೊರಂ ಇನ್ನೂ ಹೊಸದಾಗಿದ್ದು ಹರಳು ಚುಚ್ಚುತ್ತದೆ. ಸಕ್ಕರೆ ಕಾಯಿಲೆಯವರು ಬರಿಗಾಲಿನಲ್ಲಿ ಬರಬೇಡಿರಿ. ಜೀಪನ್ನು ನಾವು ಷೆಡ್ಡಿನಲ್ಲಿ ನಿಲ್ಲಿಸಿ ಬೀಗದ ಕೈಯನ್ನು ಉಪದೇಶಿಗಳಿಗೆ ಕೊಟ್ಟಿದ್ದೇವೆ. ಊರೊಳಗಿನ ಮನೆಗಳಿಗೆ ಇನ್ನು ನಡೆದೇ ಬರುತ್ತೇವೆ, ಆದುದರಿಂದ ಹೇಳಿದ ಹೊತ್ತಿಗಿಂತ ಹತ್ತು ನಿಮಿಷ ತಡವಾದರೆ ಕ್ಷಮಿಸಬೇಕು.